ಜಾಮೀನು ಸಿಕ್ಕಿದೆ, ಜಾಮೀನುದಾರ ಸಿಕ್ಕಿಲ್ಲ

ಜೈಲಿನ ವಿಷಯ ನಮ್ಮ ಟಿವಿಯವರಿಗೆ ನೆನಪಾಗುವುದು ಒಳಗೆ ಯಾರಾದರೂ ದೊಡ್ಡವರು ಸೇರಿಕೊಂಡಾಗ. 2024ರ ಆಗಸ್ಟಿನಲ್ಲಿ ಪರಪ್ಪನ ಅಗ್ರಹಾರದ ಹುಲ್ಲಿನ ಮೇಲೆ ಕುರ್ಚಿ ಹಾಕಿಕೊಂಡು ಸಿಗರೇಟು ಹಿಡಿದು ಕೂತ ನಟರೊಬ್ಬರ ಫೋಟೊ ಹೊರಗೆ ಬಂತಲ್ಲ, ಆಗ ನಮ್ಮ ಕೋರ್ಟಿನ ಕ್ಯಾಂಟೀನಿನಲ್ಲೂ ವಾರವಿಡೀ ಅದೇ ಮಾತು. “ಜೈಲು ಅನ್ನೋದು ರೆಸಾರ್ಟ್ ಆಗೋಯ್ತು ಬಿಡಮ್ಮ. ಈ ಸುಪ್ರೀಂ ಕೋರ್ಟಿನೋರು ಮಾನವ ಹಕ್ಕು, ಮಾನವ ಹಕ್ಕು ಅಂತ ಇವರನ್ನೆಲ್ಲ ತಲೆ ಮೇಲೆ ಕೂರಿಸಿದ್ದಾರೆ” ಅಂದರು ಸೀನಿಯರ್ ಒಬ್ಬರು. ನಾನು ವಾದಕ್ಕಿಳಿಯಲಿಲ್ಲ, ಇಡ್ಲಿ ಆರುತ್ತಿತ್ತು. ಆದರೆ ಆ ಮಾತು ಇನ್ನೂ ತಲೆ ಕೊರೆಯುತ್ತಿದೆ. ಕೋರ್ಟುಗಳು ಕೈದಿಗಳಿಗೆ ಅತಿಯಾಗಿ ಮಾಡಿವೆ ಅನ್ನುವವರಿದ್ದಾರೆ. ಕೋರ್ಟು ಎಷ್ಟು ಹೇಳಿದರೂ ಸರ್ಕಾರ ಕೇಳುವುದಿಲ್ಲ ಅನ್ನುವವರೂ ಇದ್ದಾರೆ. ನನಗೆ ಕಾಣುವುದು ಬೇರೆ. ದೊಡ್ಡ ಕೋರ್ಟು ಹೇಳಿದ್ದನ್ನು ಸಣ್ಣ ಕೋರ್ಟೇ ಕೇಳುವುದಿಲ್ಲ.

ನಾನು ಮಲೆನಾಡಿನ ಅಂಚಿನ ಒಂದು ಜಿಲ್ಲಾ ಕೇಂದ್ರದಲ್ಲಿ ವಕೀಲಿ ಮಾಡುವವಳು. ಮನೆ ನಡೆಯುವುದು ಸಿವಿಲ್ ಕೇಸುಗಳಿಂದ. ಜೊತೆಗೆ ಕಾನೂನು ಸೇವಾ ಪ್ರಾಧಿಕಾರದ ಪ್ಯಾನೆಲ್‌ನಲ್ಲಿ ಹೆಸರಿರುವುದರಿಂದ ಜೈಲಿನೊಳಗಿನ ಕಾನೂನು ನೆರವು ಕ್ಲಿನಿಕ್ಕಿಗೆ ಸರದಿಯ ಮೇಲೆ ಹೋಗುತ್ತೇನೆ. ಗೇಟಿನಲ್ಲಿ ಮೊಬೈಲು ಕೊಟ್ಟು, ಪುಸ್ತಕದಲ್ಲಿ ಸಹಿ ಹಾಕಿ, ಸಣ್ಣ ಬಾಗಿಲಲ್ಲಿ ತಲೆ ಬಗ್ಗಿಸಿ ಒಳಗೆ ಹೋದರೆ ಎಡಕ್ಕೆ ಒಂದು ಮೇಜು, ಎರಡು ಪ್ಲಾಸ್ಟಿಕ್ ಕುರ್ಚಿ. ಕ್ಲಿನಿಕ್ ಅಂದರೆ ಅಷ್ಟೇ. ಅಕ್ಷರ ಬಲ್ಲ ಕೈದಿಯೊಬ್ಬ ರೈಟರ್ ಆಗಿ ಪಕ್ಕದಲ್ಲಿ ಕೂತು ಹೆಸರು, ಯಾವ ಕೋರ್ಟು, ಮುಂದಿನ ವಾಯಿದೆ ಯಾವತ್ತು ಅಂತ ಚೀಟಿ ಬರೆದುಕೊಡುತ್ತಾನೆ.

ಅಲ್ಲಿ ಸಿಕ್ಕವನು ಜಾರ್ಖಂಡಿನ ಹುಡುಗ. ಕಾಫಿ ತೋಟಕ್ಕೆ ಕೊಯ್ಲಿನ ಕೆಲಸಕ್ಕೆ ಬಂದವನು. ಪಕ್ಕದ ತೋಟದ ಪಂಪ್‌ಸೆಟ್ಟಿನ ತಾಮ್ರದ ವೈರು ಕದ್ದ ಅನ್ನುವುದು ಆರೋಪ. ಕದ್ದನೋ ಇಲ್ಲವೋ, ಅದು ವಿಚಾರಣೆಯಲ್ಲಿ ಗೊತ್ತಾಗಬೇಕಾದ್ದು. ಜಾಮೀನು ಅರ್ಜಿ ಹಾಕಿದೆ, ತಡವಿಲ್ಲದೆ ಆಯಿತು ಕೂಡ. ಷರತ್ತು: ಐವತ್ತು ಸಾವಿರದ ಬಾಂಡ್, ಅಷ್ಟೇ ಮೊತ್ತಕ್ಕೆ ಒಬ್ಬ ಸ್ಥಳೀಯ ಜಾಮೀನುದಾರ.

ಕಾನೂನು ಓದದವರಿಗೆ ಇದು ಸಣ್ಣ ಷರತ್ತಿನಂತೆ ಕಾಣಬಹುದು. ಜಾಮೀನುದಾರ ಅಂದರೆ ಯಾರೋ ಪರಿಚಯದವರು ಬಂದು “ಇವನಿಗೆ ನಾನಿದ್ದೇನೆ” ಅಂದರೆ ಆಗುವುದಿಲ್ಲ. ಅವರ ಹೆಸರಲ್ಲಿ ಪಹಣಿ ಇರಬೇಕು. ಪಹಣಿಯಲ್ಲಿ ಅಣ್ಣತಮ್ಮಂದಿರ ಜಂಟಿ ಹೆಸರಿದ್ದರೆ ತಕರಾರು. 11ನೇ ಕಲಮಿನಲ್ಲಿ ಸೊಸೈಟಿ ಸಾಲ ಕಂಡರೆ ಇನ್ನೊಂದು ತಕರಾರು. ಆಧಾರ್, ಫೋಟೊ, ಅಫಿಡವಿಟ್, ಮೊದಲು ಯಾರಿಗಾದರೂ ಜಾಮೀನು ನಿಂತಿದ್ದೀರಾ ಎಂಬ ಪ್ರಶ್ನೆ. ಜೊತೆಗೆ ಒಂದು ದಿನದ ಕೆಲಸ ಬಿಟ್ಟು ಕೋರ್ಟಿನ ಹಾಲಿನಲ್ಲಿ ಸಂಜೆವರೆಗೆ ಕಾಯಬೇಕು. ಈ ಊರಲ್ಲಿ ಹುಟ್ಟಿ ಬೆಳೆದವನಿಗೇ ಇಂಥವರೊಬ್ಬರು ಸಿಗುವುದು ಕಷ್ಟ. ಲೈನ್ ಮನೆಯಲ್ಲಿ ಇದ್ದು ಹೋಗುವ ಜಾರ್ಖಂಡಿನ ಕೂಲಿಗೆ ಯಾರು ಸಿಗುತ್ತಾರೆ? ಅವನಿಗೆ ಇಲ್ಲಿ ಗೊತ್ತಿರುವವರೆಲ್ಲ ಅವನಂಥವರೇ. ತೋಟದ ಸಾಹುಕಾರರು ಫೋನು ಎತ್ತಲಿಲ್ಲ. ಎಲ್ಲ ಕೋರ್ಟುಗಳ ಸುತ್ತಮುತ್ತ ಓಡಾಡುವ ಬಾಡಿಗೆ ಜಾಮೀನುದಾರರ ದಾರಿಯೊಂದಿದೆ, ಅದಕ್ಕೆ ದುಡ್ಡು ಬೇಕು, ಮೇಲಾಗಿ ನಕಲಿ ಪಹಣಿ ಸಿಕ್ಕಿಬಿದ್ದರೆ ಇನ್ನೊಂದು ಕೇಸು.

ಇಲ್ಲಿ ನನಗೆ ಸಿಟ್ಟು ಬರುವುದು ಯಾಕೆಂದರೆ, ಈ ಪ್ರಶ್ನೆಗೆ ಸುಪ್ರೀಂ ಕೋರ್ಟು 1978ರಲ್ಲೇ ಉತ್ತರ ಕೊಟ್ಟಿದೆ. ಮೋತಿ ರಾಮ್ ಪ್ರಕರಣ. ಮಧ್ಯಪ್ರದೇಶದ ಒಬ್ಬ ಗಾರೆ ಕೆಲಸದವನು. ಮ್ಯಾಜಿಸ್ಟ್ರೇಟರು ಹತ್ತು ಸಾವಿರ ರೂಪಾಯಿಗೆ ಜಾಮೀನುದಾರ ಬೇಕು ಅಂದರು. ಸಹೋದರನನ್ನು ಕರೆತಂದರೆ, ಅವನ ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಎಂದು ತಳ್ಳಿಹಾಕಿದರು. ನ್ಯಾಯಮೂರ್ತಿ ಕೃಷ್ಣ ಅಯ್ಯರ್ ಆ ಷರತ್ತನ್ನು ಕಿತ್ತೆಸೆದು, ಜಾಮೀನುದಾರನಿಲ್ಲದೆ ಒಂದು ಸಾವಿರ ರೂಪಾಯಿಯ ಸ್ವಂತ ಬಾಂಡಿನ ಮೇಲೆ ಬಿಡಲು ಹೇಳಿದರು. ಜಾಮೀನುದಾರ ಇಂಥ ಜಿಲ್ಲೆಯವನೇ ಆಗಿರಬೇಕು ಅಂತ ಯಾವ ಕಾನೂನು ಹೇಳುತ್ತದೆ ಎಂದು ಕೇಳಿದರು. ಆ ತೀರ್ಪಿನಲ್ಲಿ ಒಬ್ಬ ಕನ್ನಡಿಗನೂ ಬರುತ್ತಾನೆ. ಒಬ್ಬ ಮಲಯಾಳಿಯನ್ನೋ ಕನ್ನಡಿಗನನ್ನೋ ಬಸ್ತರ್‌ನಲ್ಲೋ ಪೋರ್ಟ್ ಬ್ಲೇರ್‌ನಲ್ಲೋ ಚಾಂದನಿ ಚೌಕದಲ್ಲೋ ಕಳ್ಳತನದ ಆರೋಪದ ಮೇಲೆ ಹಿಡಿದರೆ, ಅಲ್ಲಿ ಆಸ್ತಿ ಇರುವ ಜಾಮೀನುದಾರನನ್ನು ಅವನು ಎಲ್ಲಿಂದ ತರಬೇಕು ಎಂಬುದು ಅಯ್ಯರ್ ಅವರ ಪ್ರಶ್ನೆ. ಆಗ ನಮ್ಮವರು ದೂರದೂರಿನಲ್ಲಿ ಸಿಕ್ಕಿಬಿದ್ದರೆ ಅಂತ ಕಲ್ಪಿಸಿಕೊಂಡಿದ್ದರು. ಈಗ ದೂರದೂರಿನವರು ನಮ್ಮಲ್ಲಿ ಸಿಕ್ಕಿಬೀಳುತ್ತಿದ್ದಾರೆ. ನಾವು ಅದೇ ‘ಸ್ಥಳೀಯ ಜಾಮೀನುದಾರ’ ಎಂಬ ಎರಡು ಪದವನ್ನು ಇವತ್ತಿಗೂ ಟೈಪ್ ಮಾಡುತ್ತಿದ್ದೇವೆ.

1978ರಿಂದ 80ರವರೆಗಿನ ಆ ಎರಡು ಮೂರು ವರ್ಷ ನಿಜಕ್ಕೂ ಬೇರೆಯೇ ಕಾಲ. ಎಮರ್ಜೆನ್ಸಿಯಲ್ಲಿ ಎಲ್ಲ ಪಕ್ಷದವರೂ ಜೈಲಿನ ಅನ್ನ ಉಂಡು ಬಂದಿದ್ದರು. ಬೆಂಗಳೂರಿನ ಸೆಂಟ್ರಲ್ ಜೈಲಿನಲ್ಲಿ ವಾಜಪೇಯಿ, ಅಡ್ವಾಣಿ ಇದ್ದರು. ಅದೇ ಜೈಲಿನಲ್ಲಿ ಆಸ್ತಮಾದಿಂದ ನರಳಿದ ನಟಿ ಸ್ನೇಹಲತಾ ರೆಡ್ಡಿ ಪರೋಲ್ ಮೇಲೆ ಹೊರಬಂದು, ಕೆಲವೇ ದಿನಕ್ಕೆ, 1977ರ ಜನವರಿಯಲ್ಲಿ ತೀರಿಕೊಂಡರು. ಎಮರ್ಜೆನ್ಸಿಯಲ್ಲಿ ಬಾಯಿ ಮುಚ್ಚಿಕೊಂಡಿದ್ದ ಸುಪ್ರೀಂ ಕೋರ್ಟಿಗೂ ಕಳೆದುಕೊಂಡ ಮರ್ಯಾದೆ ವಾಪಸ್ ಪಡೆಯುವ ತವಕ ಇತ್ತು ಅನ್ನಿಸುತ್ತದೆ. ತಿಹಾರ್ ಜೈಲಿನಿಂದ ಸುನಿಲ್ ಬಾತ್ರಾ ಎಂಬ ಕೈದಿ, ಇನ್ನೊಬ್ಬ ಕೈದಿಗೆ ವಾರ್ಡರ್ ಕೊಟ್ಟ ಹಿಂಸೆಯ ಬಗ್ಗೆ ಬರೆದ ಕಾಗದವನ್ನೇ ಕೋರ್ಟು ರಿಟ್ ಅರ್ಜಿ ಅಂತ ತೆಗೆದುಕೊಂಡಿತು. ಬಿಹಾರದ ಜೈಲುಗಳಲ್ಲಿ ವಿಚಾರಣೆಯೇ ಇಲ್ಲದೆ ಕೊಳೆಯುತ್ತಿದ್ದವರ ಬಗ್ಗೆ ಪತ್ರಿಕೆಯಲ್ಲಿ ಬಂದ ಲೇಖನ ಹಿಡಿದುಕೊಂಡು ವಕೀಲೆ ಕಪಿಲಾ ಹಿಂಗೋರಾಣಿ 1979ರಲ್ಲಿ ಕೋರ್ಟಿಗೆ ಹೋದರು. ಹುಸೈನಾರಾ ಖಾತೂನ್ ಪ್ರಕರಣ ಅಂದರೆ ಅದೇ. ಬೇಗ ವಿಚಾರಣೆ ನಡೆಯುವುದು ಆರೋಪಿಯ ಮೂಲಭೂತ ಹಕ್ಕು ಅಂತ ನಾವು ಇವತ್ತು ವಾದ ಮಾಡುವುದು ಅದರ ಬಲದ ಮೇಲೆ. ರುದುಲ್ ಸಾಹ್ ಕಥೆ ಇನ್ನೂ ಘೋರ. 1968ರಲ್ಲಿ ನಿರ್ದೋಷಿ ಎಂದು ಬಿಡುಗಡೆಗೆ ಆದೇಶವಾದ ಮನುಷ್ಯ ಹೊರಬಂದದ್ದು 1982ರಲ್ಲಿ. ಕೋರ್ಟು 1983ರಲ್ಲಿ ಮೂವತ್ತೈದು ಸಾವಿರ ರೂಪಾಯಿ ಪರಿಹಾರ ಕೊಡಿಸಿತು. ಹದಿನಾಲ್ಕು ವರ್ಷಕ್ಕೆ.

ಇದೆಲ್ಲ ಉತ್ತರ ಭಾರತದ ಕಥೆ ಅಂದುಕೊಳ್ಳಬೇಡಿ. ಬೆಂಗಳೂರಿನದೂ ಒಂದಿದೆ, ನಮ್ಮವರಿಗೇ ಹೆಚ್ಚು ಗೊತ್ತಿಲ್ಲ. 1984ರ ಏಪ್ರಿಲ್‌ನಲ್ಲಿ ಬೆಂಗಳೂರು ಸೆಂಟ್ರಲ್ ಜೈಲಿನಿಂದ ರಾಮಮೂರ್ತಿ ಎಂಬ ಕೈದಿ ಭಾರತದ ಮುಖ್ಯ ನ್ಯಾಯಮೂರ್ತಿಗೆ ಒಂದು ಕಾಗದ ಬರೆದರು. ಕಾರ್ಖಾನೆಯಲ್ಲಿ ಮೈಮುರಿದು ದುಡಿದರೂ ತಕ್ಕ ಕೂಲಿ ಕೊಡುವುದಿಲ್ಲ ಅನ್ನುವುದು ದೂರುಗಳಲ್ಲೊಂದು. ಸುಪ್ರೀಂ ಕೋರ್ಟು ಅದನ್ನೂ ರಿಟ್ ಅರ್ಜಿ ಮಾಡಿಕೊಂಡು, ಜಿಲ್ಲಾ ನ್ಯಾಯಾಧೀಶರನ್ನು ಜೈಲಿಗೆ ಕಳಿಸಿ ವರದಿ ತರಿಸಿಕೊಂಡಿತು. ತೀರ್ಪು ಬಂದದ್ದು 1996ರ ಡಿಸೆಂಬರಿನಲ್ಲಿ. ಕಾಗದಕ್ಕೂ ತೀರ್ಪಿಗೂ ನಡುವೆ ಹನ್ನೆರಡು ವರ್ಷ. ಆ ಜೈಲಿದ್ದ ಜಾಗವೇ ಈಗಿನ ಫ್ರೀಡಂ ಪಾರ್ಕ್, ನೀವು ಧರಣಿಗೋ ವಾಕಿಂಗಿಗೋ ಹೋಗುವ ಜಾಗ.

ತೀರ್ಪು ಬರೆದವರು ನ್ಯಾ. ಬಿ.ಎಲ್. ಹನ್ಸಾರಿಯಾ. ಒಳ್ಳೆಯ ತೀರ್ಪು, ಅದರಲ್ಲಿ ಎರಡು ಮಾತಿಲ್ಲ. ದೇಶದ ಜೈಲುಗಳ ರೋಗಗಳನ್ನು ಒಂಬತ್ತು ತಲೆಬರಹದಲ್ಲಿ ಪಟ್ಟಿ ಮಾಡಿದ್ದಾರೆ: ಕಿಕ್ಕಿರಿದ ಬ್ಯಾರಕ್ಕು, ವಿಚಾರಣೆಯ ವಿಳಂಬ, ಹಿಂಸೆ, ಆರೋಗ್ಯ, ಊಟ ಬಟ್ಟೆ, ಹೀಗೆ. ಆದರೆ ಕೊನೆಯ ಭಾಗಕ್ಕೆ ಬಂದರೆ ಆದೇಶಗಳೆಲ್ಲ ಮೆತ್ತಗಾಗಿಬಿಡುತ್ತವೆ. 1894ರ ಜೈಲು ಕಾಯ್ದೆ ಬದಲಿಸುವ ಬಗ್ಗೆ ಚರ್ಚಿಸಿ, ದೂರು ಪೆಟ್ಟಿಗೆ ಇಡುವ ಬಗ್ಗೆ ಆಲೋಚಿಸಿ, ಜಿಲ್ಲಾ ಕೇಂದ್ರಗಳಲ್ಲಾದರೂ ಬಯಲು ಬಂದೀಖಾನೆ ತೆರೆಯುವ ಬಗ್ಗೆ ಚಿಂತನೆ ನಡೆಸಿ. ಇಷ್ಟು ದಿನದೊಳಗೆ ಅಂತಿಲ್ಲ. ಇಂಥ ಅಧಿಕಾರಿ ಜವಾಬ್ದಾರ ಅಂತಿಲ್ಲ. ಸರ್ಕಾರಿ ಕಚೇರಿಯಲ್ಲಿ ಆಲೋಚಿಸಿ ಅಂದರೆ ಏನಾಗುತ್ತದೆ ಅನ್ನುವುದು ಒಂದು ದಿನ ತಾಲ್ಲೂಕು ಆಫೀಸಿಗೆ ಹೋದವರಿಗೂ ಗೊತ್ತು. 1894ರ ಕಾಯ್ದೆಗೆ ಬದಲಿಯಾಗಿ ಕೇಂದ್ರ ಒಂದು ಮಾದರಿ ಕಾಯ್ದೆ ಸಿದ್ಧಪಡಿಸಿದ್ದು 2023ರಲ್ಲಿ, ಅದೂ ರಾಜ್ಯಗಳು ಒಪ್ಪಿದರೆ ಮಾತ್ರ. ನಮ್ಮ ರಾಜ್ಯದ ಬಯಲು ಬಂದೀಖಾನೆ ಆಗಲೂ ದೇವನಹಳ್ಳಿ ತಾಲ್ಲೂಕಿನ ಕೋರಮಂಗಲದ್ದೊಂದೇ, ಈಗಲೂ ಅದೊಂದೇ. ಸಾಲದ್ದಕ್ಕೆ, ಆ ತೀರ್ಪು ಬಂದಾಗ ದೇಶದ ಕೈದಿಗಳಲ್ಲಿ ನೂರಕ್ಕೆ ಎಪ್ಪತ್ತಕ್ಕಿಂತ ಹೆಚ್ಚು ಜನ ಶಿಕ್ಷೆಯಾಗದವರು. 2022ರ ಕೊನೆಗೆ ರಾಷ್ಟ್ರೀಯ ಅಪರಾಧ ದಾಖಲೆ ಬ್ಯೂರೊ ಕೊಟ್ಟ ಲೆಕ್ಕ: 4.36 ಲಕ್ಷ ಜನರಿಗೆ ಕಟ್ಟಿದ ಜೈಲುಗಳಲ್ಲಿ 5.73 ಲಕ್ಷ ಜನ, ಅವರಲ್ಲಿ ವಿಚಾರಣಾಧೀನರು ಶೇ. 75.8.

ಕೂಲಿಯ ವಿಷಯ ಮಾತ್ರ ಸ್ವಲ್ಪ ಸುಧಾರಿಸಿದೆ, ಹೇಳದಿದ್ದರೆ ತಪ್ಪಾಗುತ್ತದೆ. 1998ರಲ್ಲಿ ಗುಜರಾತಿನ ಪ್ರಕರಣವೊಂದರಲ್ಲಿ ಕೈದಿಯ ದುಡಿಮೆಗೆ ನ್ಯಾಯವಾದ ಕೂಲಿ ಕೊಡಲೇಬೇಕು ಎಂದು ಸುಪ್ರೀಂ ಕೋರ್ಟು ಗಟ್ಟಿಯಾಗಿ ಹೇಳಿತು. ಈಗ ಕರ್ನಾಟಕದಲ್ಲಿ ಸಜಾ ಕೈದಿಯ ದಿನಗೂಲಿ ಐನೂರು ರೂಪಾಯಿ ದಾಟಿದೆ. ತಮಾಷೆ ಏನೆಂದರೆ ವಿಚಾರಣಾಧೀನರಿಗೆ ಕೆಲಸ ಕಡ್ಡಾಯವಲ್ಲ, ಕೇಳಿದವರಿಗೆಲ್ಲ ಸಿಗುವುದೂ ಇಲ್ಲ. ಹಾಗಾಗಿ ಅಪರಾಧ ಸಾಬೀತಾದವನು ಮನೆಗೆ ದುಡ್ಡು ಕಳಿಸುತ್ತಾನೆ, ಸಾಬೀತಾಗದವನು ಮನೆಯಿಂದ ದುಡ್ಡು ತರಿಸಿಕೊಳ್ಳುತ್ತಾನೆ.

ಜೈಲು ರಾಜ್ಯ ಪಟ್ಟಿಯ ವಿಷಯ, ಸುಧಾರಣೆ ಸರ್ಕಾರದ ಕೆಲಸ, ಕೋರ್ಟು ಅದರಲ್ಲೆಲ್ಲ ಕೈ ಹಾಕಬಾರದು ಎಂಬ ವಾದ ನನಗೂ ಗೊತ್ತು. ಅಡುಗೆಮನೆ, ಶೌಚಾಲಯ, ಸಿಬ್ಬಂದಿ ನೇಮಕದ ಮಟ್ಟಿಗೆ ಅದರಲ್ಲಿ ಹುರುಳೂ ಇದೆ. ಆದರೆ ಆ ಮುಕ್ಕಾಲು ಪಾಲು ವಿಚಾರಣಾಧೀನರನ್ನು ಒಳಗಿಟ್ಟಿರುವುದು ಯಾರ ವಾರಂಟು? ಕೋರ್ಟಿನದೇ. ಹದಿನೈದು ದಿನಕ್ಕೊಮ್ಮೆ ನ್ಯಾಯಾಂಗ ಬಂಧನ ಮುಂದುವರಿಸುವುದು ಯಾರು? ಕೋರ್ಟೇ. ಇಲ್ಲಿ ಸರ್ಕಾರದ ಅಪ್ಪಣೆ ಬೇಕಿಲ್ಲ, ಬಜೆಟ್ಟು ಬೇಕಿಲ್ಲ.

ಆ ಮುಂದುವರಿಸುವುದನ್ನು ನೀವೊಮ್ಮೆ ನೋಡಬೇಕು. ಈಗೆಲ್ಲ ವಿಸಿ, ಅಂದರೆ ವಿಡಿಯೊ ಕಾನ್ಫರೆನ್ಸ್. ಜೈಲಿನ ಒಂದು ಕೋಣೆಯಲ್ಲಿ ಕ್ಯಾಮೆರಾ ಮುಂದೆ ಸಾಲಾಗಿ ನಿಲ್ಲಿಸುತ್ತಾರೆ. ಇತ್ತ ಬೆಂಚ್ ಕ್ಲರ್ಕ್ ಹೆಸರು ಕೂಗುತ್ತಾರೆ, ಅತ್ತ ಒಂದು ಮುಖ ಪರದೆಗೆ ಬರುತ್ತದೆ, ಕೈ ಮುಗಿಯುತ್ತದೆ. “ಏನಾದ್ರೂ ಹೇಳೋದಿದೆಯಾ?” ಆಡಿಯೋ ಕಟ್ ಆಗುತ್ತದೆ. ತುಟಿ ಅಲ್ಲಾಡುವುದು ಕಾಣುತ್ತದೆ. ಮುಂದಿನ ವಾಯಿದೆ. ಮುಂದಿನ ಹೆಸರು. ನ್ಯಾಯಾಧೀಶ ಸಾಹೇಬರ ತಪ್ಪು ಅಂತ ನಾನು ಹೇಳುವುದಿಲ್ಲ, ಅವರ ಮೇಜಿನ ಮೇಲೆ ಆ ದಿನದ ನೂರಾರು ಕಡತ ಇರುತ್ತವೆ. ಅವರ ಲೆಕ್ಕ ಬೇರೆ. ಜಾಮೀನು ಸಡಿಲ ಮಾಡಿ ಆರೋಪಿ ಓಡಿಹೋದರೆ ಕೇಸು ಎಲ್‌ಪಿಸಿ (ಬಹುಕಾಲದಿಂದ ಬಾಕಿ ಇರುವ ಕೇಸುಗಳ) ರಿಜಿಸ್ಟರಿಗೆ ಹೋಗಿ ವರ್ಷಗಟ್ಟಲೆ ಕೂರುತ್ತದೆ, ಪೆಂಡೆನ್ಸಿ ಕಾಲಂನಲ್ಲಿ ಕಾಣುತ್ತದೆ. ಆರೋಪಿ ಜೈಲಲ್ಲೇ ಇದ್ದರೆ ಯಾವ ಕಾಲಂನಲ್ಲೂ ಕಾಣುವುದಿಲ್ಲ. ತಿಂಗಳ ಕೊನೆಗೆ ಎಷ್ಟು ಕೇಸು ವಿಲೇವಾರಿ ಮಾಡಿದಿರಿ ಅಂತ ಮೇಲಿನವರು ಕೇಳುತ್ತಾರೆ. ಜಾಮೀನು ಸಿಕ್ಕಿಯೂ ಒಳಗಿರುವವರು ನಿಮ್ಮ ಕೋರ್ಟಿನಲ್ಲಿ ಎಷ್ಟು ಮಂದಿ ಅಂತ ಕೇಳಿದ್ದನ್ನು ನಾನಂತೂ ಬಹಳ ಕಾಲ ಕಂಡಿರಲಿಲ್ಲ.

ಕೇಳಲು ಶುರು ಮಾಡಿದ್ದು ಇತ್ತೀಚೆಗೆ. 2022ರ ಸಂವಿಧಾನ ದಿನದಂದು ರಾಷ್ಟ್ರಪತಿ ದ್ರೌಪದಿ ಮುರ್ಮು, ದೆಹಲಿಯಲ್ಲಿ ನ್ಯಾಯಮೂರ್ತಿಗಳ ಮುಂದೆಯೇ, ಸಣ್ಣಪುಟ್ಟ ಆರೋಪದ ಮೇಲೆ ಜೈಲು ಸೇರಿ ಬಿಡಿಸಿಕೊಳ್ಳಲು ಗತಿಯಿಲ್ಲದ ಬಡವರ ಬಗ್ಗೆ ಮಾತಾಡಿದರು. ಅದಾದ ಮೇಲೆ ಸುಪ್ರೀಂ ಕೋರ್ಟು ಜಾಮೀನು ಸಿಕ್ಕಿಯೂ ಹೊರಬರದವರ ಪಟ್ಟಿ ತರಿಸಿಕೊಂಡಿತು. 2023ರ ಜನವರಿ 31ರಂದು ನ್ಯಾ. ಸಂಜಯ್ ಕಿಶನ್ ಕೌಲ್ ಮತ್ತು ನ್ಯಾ. ಅಭಯ್ ಓಕ ಅವರ ಪೀಠ ಕೊಟ್ಟ ಆದೇಶ ನನ್ನ ಬ್ಯಾಗಿನಲ್ಲಿ ಯಾವಾಗಲೂ ಇರುತ್ತದೆ. ಓಕ ಅವರು ನಮ್ಮ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿ ಆಗಿದ್ದವರು. ಆದೇಶದಲ್ಲಿ ಭಾವಾವೇಶದ ಒಂದು ಸಾಲೂ ಇಲ್ಲ. ಜಾಮೀನು ಆದೇಶದ ಪ್ರತಿಯನ್ನು ಅದೇ ದಿನ ಇಲ್ಲವೇ ಮರುದಿನ ಜೈಲಿಗೆ ಇ-ಮೇಲ್ ಮಾಡಿ. ಆ ತಾರೀಕನ್ನು ಜೈಲಿನವರು ಇ-ಪ್ರಿಸನ್ಸ್ ತಂತ್ರಾಂಶದಲ್ಲಿ ಹಾಕಲಿ. ಏಳು ದಿನವಾದರೂ ಬಿಡುಗಡೆ ಆಗದಿದ್ದರೆ ಸೂಪರಿಂಟೆಂಡೆಂಟರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಾರ್ಯದರ್ಶಿಗೆ ತಿಳಿಸಲಿ. ಒಂದು ತಿಂಗಳಾದರೂ ಬಾಂಡ್ ಕೊಡಲಾಗದಿದ್ದರೆ ಷರತ್ತು ಸಡಿಲಿಸಬೇಕೇ ಅಂತ ಕೋರ್ಟು ತಾನಾಗಿಯೇ ನೋಡಬಹುದು. ಬಿಡುಗಡೆ ತಡವಾಗಲು ಸ್ಥಳೀಯ ಜಾಮೀನುದಾರನಿಗೆ ಪಟ್ಟು ಹಿಡಿಯುವುದೂ ಒಂದು ಕಾರಣ, ಆ ಷರತ್ತು ಹಾಕಬೇಡಿ.

1996ರ ತೀರ್ಪಿನ ಪಕ್ಕದಲ್ಲಿ ಇದನ್ನಿಟ್ಟು ನೋಡಿ. ಇದರಲ್ಲಿ ಸಾಹಿತ್ಯ ಇಲ್ಲ, ತಾರೀಕು ಇದೆ, ಹುದ್ದೆ ಇದೆ. ನನ್ನ ಮಟ್ಟಿಗೆ ಸುಧಾರಣೆ ಅಂದರೆ ಇದು.

ಜಾರ್ಖಂಡಿನ ಹುಡುಗನಿಗೆ ಕೆಲಸಕ್ಕೆ ಬಂದದ್ದೂ ಇದೇ. ಜಾಮೀನು ಆಗಿ ತಿಂಗಳು ದಾಟಿದ ಮೇಲೆ ಈ ಆದೇಶದ ಪ್ರತಿ ಲಗತ್ತಿಸಿ, ಮೋತಿ ರಾಮ್ ತೀರ್ಪನ್ನೂ ಕಾಣಿಸಿ ಮೆಮೊ ಹಾಕಿದೆ. ಸರ್ಕಾರಿ ವಕೀಲರು ರೂಢಿಯಂತೆ, ಆರೋಪಿ ಹೊರ ರಾಜ್ಯದವನು, ತಲೆ ತಪ್ಪಿಸಿಕೊಳ್ಳುತ್ತಾನೆ ಅಂದರು. ಸಾಹೇಬರು ಸಂದೇಹದಲ್ಲೇ ಪುಟ ತಿರುವಿದರು, ಮತ್ತೆ ಮೊದಲಿಂದ ಓದಿದರು. ಸ್ವಂತ ಬಾಂಡಿನ ಮೇಲೆ ಬಿಡುಗಡೆ, ಭಾನುವಾರ ಭಾನುವಾರ ಠಾಣೆಯಲ್ಲಿ ಸಹಿ. ರಿಲೀಸ್ ಆರ್ಡರ್ ಜೈಲು ಮುಟ್ಟುವಷ್ಟರಲ್ಲಿ ಸಂಜೆಯ ಲಾಕಪ್ ಮುಗಿದಿತ್ತು, ಹಾಗಾಗಿ ಇನ್ನೊಂದು ರಾತ್ರಿ ಒಳಗೇ ಕಳೆದ. ಅವನು ಓಡಿಹೋಗಲಿಲ್ಲ. ವಾಯಿದೆಗೆಲ್ಲ ಬರುತ್ತಿದ್ದಾನೆ, ಈಗ ಬೇರೆ ತೋಟದಲ್ಲಿದ್ದಾನೆ.

ಎಲ್ಲರಿಗೂ ಹೀಗಾಗುವುದಿಲ್ಲ. ಅದೇ ಜೈಲಿನಲ್ಲಿ ನನಗೆ ಸಿಕ್ಕ ಇನ್ನೊಬ್ಬರು ಐವತ್ತು ದಾಟಿದ ಹಮಾಲಿ, ಅಂಗಡಿಯ ಬೀಗ ಮುರಿದ ಆರೋಪ. ಕೇಸಿನಲ್ಲಿ ಗಟ್ಟಿ ಸಾಕ್ಷಿಯೇ ಇರಲಿಲ್ಲ, ನಡೆಸಿದ್ದರೆ ಬಿಡುಗಡೆ ಆಗುತ್ತಿತ್ತು ಅಂತ ಇವತ್ತಿಗೂ ಹೇಳುತ್ತೇನೆ. “ಮೇಡಮ್ಮೋರೆ, ನಡೆಸೋಕೆ ಎಷ್ಟು ದಿನ ಬೇಕು?” ಅಂದರು. ವರ್ಷ ಆಗಬಹುದು ಅಂದೆ. “ಒಪ್ಕೊಂಡ್ರೆ?” ಒಪ್ಪಿಕೊಂಡರೆ ಇಷ್ಟು ದಿನ ಒಳಗಿದ್ದದ್ದನ್ನೇ ಶಿಕ್ಷೆಗೆ ವಜಾ ಮಾಡಿ ಬಿಡಬಹುದು. ಮುಂದಿನ ವಾಯಿದೆಯಲ್ಲಿ ಕೈ ಮುಗಿದು, ಸ್ವಾಮಿ ತಪ್ಪಾಯ್ತು ಅಂದರು. ಸಂಜೆಗೆ ಹೊರಗೆ. ಆ ಕೇಸು ವಿಲೇವಾರಿ ಪಟ್ಟಿಯಲ್ಲಿ ಚೆನ್ನಾಗಿ ಕಂಡಿರುತ್ತದೆ. ಮುಂದೆ ಆ ಬೀದಿಯಲ್ಲಿ ಯಾವ ಬೀಗ ಮುರಿದರೂ ಪೊಲೀಸರು ಮೊದಲು ಹೋಗುವುದು ಅವರ ಮನೆಗೆ.

ಇದಕ್ಕೆ ಮದ್ದು ಕಾನೂನಿನಲ್ಲೇ ಇದೆ. ಹಳೆಯ ಸಿಆರ್‌ಪಿಸಿ ಬದಲಿಗೆ ಬಂದ ಹೊಸ ಬಿಎನ್‌ಎಸ್‌ಎಸ್‌ನ 479ನೇ ಕಲಂ ಪ್ರಕಾರ, ಹಿಂದೆ ಯಾವ ಅಪರಾಧದಲ್ಲೂ ಶಿಕ್ಷೆಯಾಗದವರು ಆ ಅಪರಾಧದ ಗರಿಷ್ಠ ಶಿಕ್ಷೆಯ ಮೂರನೇ ಒಂದು ಭಾಗ ಒಳಗೆ ಕಳೆದಿದ್ದರೆ ಬಾಂಡಿನ ಮೇಲೆ ಬಿಡಬೇಕು. ಮರಣದಂಡನೆ, ಜೀವಾವಧಿ ಶಿಕ್ಷೆಯ ಅಪರಾಧಗಳಿಗೆ ಇದಿಲ್ಲ, ಒಂದಕ್ಕಿಂತ ಹೆಚ್ಚು ಕೇಸಿದ್ದರೂ ಇಲ್ಲ. ಇದು ಹಳೆಯ ಕೇಸುಗಳಿಗೂ ಅನ್ವಯ ಅಂತ ಸುಪ್ರೀಂ ಕೋರ್ಟು 2024ರ ಆಗಸ್ಟ್ 23ರಂದು ಸ್ಪಷ್ಟ ಮಾಡಿ, ಅರ್ಹರನ್ನು ಗುರುತಿಸಿ ಕೋರ್ಟಿಗೆ ಅರ್ಜಿ ಕಳಿಸುವ ಕೆಲಸವನ್ನು ಜೈಲು ಸೂಪರಿಂಟೆಂಡೆಂಟರ ತಲೆಗೇ ಕಟ್ಟಿತು. ಅದೇ ಆಗಸ್ಟ್, ಹುಲ್ಲುಹಾಸಿನ ಫೋಟೊ ಬಂದ ಆಗಸ್ಟ್. ಯಾವ ಚಾನೆಲ್ಲಿನಲ್ಲೂ ಇದರ ಬಗ್ಗೆ ಪ್ಯಾನೆಲ್ ಚರ್ಚೆ ನೋಡಿದ ನೆನಪಿಲ್ಲ.

ಅದೇ ವರ್ಷ ಅಕ್ಟೋಬರ್ 3ಕ್ಕೆ ಜಾತಿಯ ತೀರ್ಪು ಬಂತು. ಪತ್ರಕರ್ತೆ ಸುಕನ್ಯಾ ಶಾಂತಾ ಅವರ ವರದಿಯಿಂದ ಹುಟ್ಟಿದ ಅರ್ಜಿ. ಅಡುಗೆ ಇಂಥ ಜಾತಿಗೆ, ಗುಡಿಸುವುದು ಇಂಥ ಜಾತಿಗೆ ಅಂತ ಹಲವು ರಾಜ್ಯಗಳ ಜೈಲು ಕೈಪಿಡಿಗಳಲ್ಲಿ ಅಚ್ಚಾಗಿಯೇ ಇತ್ತು, ಸ್ವಾತಂತ್ರ್ಯ ಬಂದು ಎಪ್ಪತ್ತೇಳು ವರ್ಷವಾದ ಮೇಲೂ. ಮುಖ್ಯ ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಅವರ ಪೀಠ ಅವನ್ನು ಹೊಡೆದುಹಾಕಿ, ಕೈದಿಗಳ ರಿಜಿಸ್ಟರಿನಿಂದ ಜಾತಿ ಕಾಲಂ ತೆಗೆಯಿರಿ, ಮೂರು ತಿಂಗಳಲ್ಲಿ ಕೈಪಿಡಿ ತಿದ್ದಿ ಅಂದಿತು. (ರುದುಲ್ ಸಾಹ್‌ಗೆ ಪರಿಹಾರ ಕೊಡಿಸಿದ ತೀರ್ಪು ಇವರ ತಂದೆ ವೈ.ವಿ. ಚಂದ್ರಚೂಡ್ ಅವರದು.) ಕಾಲಂ ತೆಗೆದರೆ ಬ್ಯಾರಕ್ಕಿನಲ್ಲಿ ಯಾರು ಯಾರು ಅಂತ ಗೊತ್ತಾಗದೇ ಇರುತ್ತದಾ ಅಂತ ನೀವು ಕೇಳಬಹುದು. ಗೊತ್ತಾಗುತ್ತದೆ. ಆದರೆ ಪೊರಕೆ ಹಿಡಿಸುವವನಿಗೆ ಇನ್ನು ಮುಂದೆ “ರೂಲ್ಸು” ಅನ್ನಲು ಬಾಯಿಲ್ಲ. ಅಷ್ಟು ಸಾಕು, ಸದ್ಯಕ್ಕೆ.

ನಿಮಗೆ ಪರಿಚಯದವರು ಯಾರಾದರೂ ಜಾಮೀನು ಸಿಕ್ಕಿಯೂ ಒಳಗಿದ್ದರೆ ಹೀಗೆ ಮಾಡಿ. ಜಾಮೀನು ಆದೇಶದ ತಾರೀಕು ಬರೆದಿಟ್ಟುಕೊಳ್ಳಿ. ಏಳು ದಿನ ಕಳೆದಿದ್ದರೆ ಜಿಲ್ಲಾ ಕೋರ್ಟಿನ ಆವರಣದಲ್ಲೇ ಇರುವ ಕಾನೂನು ಸೇವಾ ಪ್ರಾಧಿಕಾರದ ಕಚೇರಿಗೆ ಹೋಗಿ ಕಾರ್ಯದರ್ಶಿಗೆ ಒಂದು ಅರ್ಜಿ ಕೊಡಿ. ಬಿಳಿ ಹಾಳೆಯಲ್ಲಿ ಕನ್ನಡದಲ್ಲೇ ಬರೆದರೆ ಸಾಕು, ಫೀಸಿಲ್ಲ. ಫೋನಿನಲ್ಲಾದರೆ 15100. ಬಡ ಕೈದಿಗಳಿಗೆ ಜಾಮೀನು ಮೊತ್ತಕ್ಕಾಗಿ ದುಡ್ಡು ಕೊಡುವ ಕೇಂದ್ರದ ಯೋಜನೆಯೂ ಒಂದಿದೆ, ಅದಕ್ಕೆ ಜಿಲ್ಲಾ ಸಮಿತಿ ಒಪ್ಪಬೇಕು, ಅದನ್ನೂ ಅಲ್ಲೇ ಕೇಳಿ. ತಿಂಗಳು ದಾಟಿದ್ದರೆ ಷರತ್ತು ಸಡಿಲಿಸಲು ಮೆಮೊ ಹಾಕುವಂತೆ ವಕೀಲರಿಗೆ ಹೇಳಿ, 2023ರ ಜನವರಿ 31ರ ಆದೇಶ ಅಂದರೆ ಅವರಿಗೆ ತಿಳಿಯುತ್ತದೆ. ತಿಳಿಯದಿದ್ದರೆ ಒಂದು ಪ್ರತಿ ತೆಗೆದು ಅವರ ಕೈಗೆ ಕೊಡಿ. ಅರ್ಜಿ ಕೊಟ್ಟ ಕಡೆಯೆಲ್ಲ ಸೀಲು, ಸಹಿ ಇರುವ ಸ್ವೀಕೃತಿ ತೆಗೆದುಕೊಳ್ಳುವುದನ್ನು ಮರೆಯಬೇಡಿ. “ನಾಳೆ ಬನ್ನಿ” ಅನ್ನುತ್ತಾರೆ, ಆಗಲೂ ತೆಗೆದುಕೊಂಡೇ ಬನ್ನಿ.